ಗಾಳಿಗೆ ಕೊಟ್ಟ ಕ್ಯಾಮೆರಾ

ಸೈಕಲ್ ಹಬ್ ಸಿಕ್ಕಿದ್ದು ಮಂಗಳೂರು ಬಂದರಿನ ಹತ್ತಿರದ ಒಂದು ಗುಜರಿ ಅಂಗಡಿಯಲ್ಲಿ. ಮುಂದಿನ ಚಕ್ರದ ನಡುವಿನ, ಅಚ್ಚು ಕೂರುವ ಭಾಗ. ಹೊರಗೆ ತುಕ್ಕು, ಒಳಗಿನ ಗುಂಡುಗಳು ಮಾತ್ರ ಸರಿಯಾಗಿದ್ದವು. "ಚಕ್ರ ಬೇಡ್ವಾ?" ಎಂದು ಅಂಗಡಿಯವರು ಕೇಳಿದರು. ಬೇಡ, ಕ್ಯಾಮೆರಾ ತಿರುಗಿಸಲಿಕ್ಕೆ ಎಂದೆ. ಅವರು ಮತ್ತೇನೂ ಕೇಳಲಿಲ್ಲ. ಇಂಥ ಉತ್ತರ ಅವರಿಗೆ ಹೊಸದಲ್ಲ ಎಂದು ಕಾಣುತ್ತದೆ.

ಮಾಡಬೇಕಿದ್ದದ್ದು ಇಷ್ಟೇ. ಹಳೆಯ ಸೂಪರ್ 8 ಕ್ಯಾಮೆರಾವನ್ನು, ಅಂದರೆ 8 ಮಿ.ಮೀ. ಫಿಲ್ಮಿನ ಸಣ್ಣ ಸಿನಿಮಾ ಕ್ಯಾಮೆರಾವನ್ನು, ಒಂದು ಗಾಳಿಕೋಳಿಯ ಮೇಲೆ ಕೂರಿಸಬೇಕು. ಗಾಳಿ ಯಾವ ಕಡೆ ತಿರುಗಿಸುತ್ತದೋ ಆ ಕಡೆ ಅದು ನೋಡಬೇಕು. 10 ಸೆಕೆಂಡಿಗೆ ಒಂದು ಫ್ರೇಮ್. ಬೆಳಗ್ಗೆ 7ರಿಂದ ಸಂಜೆ 5ರ ತನಕ. ಅಷ್ಟು ಹೊತ್ತು ನಾನು ಅದನ್ನು ಮುಟ್ಟುವ ಹಾಗಿಲ್ಲ.

ಐಡಿಯಾ ನನ್ನದಲ್ಲ. ಕ್ರಿಸ್ ವೆಲ್ಸ್‌ಬಿ ಎಂಬ ಬ್ರಿಟಿಷ್ ಚಲನಚಿತ್ರಕಾರ 1972ರಲ್ಲಿ ಲಂಡನ್ನಿನ ಹ್ಯಾಂಪ್‌ಸ್ಟೆಡ್ ಹೀತ್‌ನಲ್ಲಿ ಇದನ್ನು ಮಾಡಿದ್ದ. ಎರಡು 16 ಮಿ.ಮೀ. ಕ್ಯಾಮೆರಾ, ಎರಡಕ್ಕೂ ಗಾಳಿಪಟ್ಟಿ. ಗಾಳಿ ಬೀಸಿದಂತೆ ಎರಡೂ ತಿರುಗುತ್ತವೆ. ಎರಡೂ ಚಿತ್ರಗಳನ್ನು ಅಕ್ಕಪಕ್ಕದ ಪರದೆಯಲ್ಲಿ ತೋರಿಸುತ್ತಾರೆ. ಎರಡು ವರ್ಷ ಕಳೆದು, 1974ರಲ್ಲಿ, ಅವನೇ ವೇಲ್ಸ್‌ನ ಕಾರ್ನಿಂಗ್ಲಿ ಬೆಟ್ಟದ ಇಳಿಜಾರಿನ ಒಂದು ತೊರೆಯ ಪಕ್ಕ ಏಳು ದಿನ ಕೂತ. ನಕ್ಷತ್ರ ನೋಡುವವರು ಬಳಸುವ, ಭೂಮಿಯ ವೇಗಕ್ಕೆ ಸರಿಯಾಗಿ ತಿರುಗುವ ಸ್ಟ್ಯಾಂಡ್ ಅವನ ಹತ್ತಿರ ಇತ್ತು. ಸೂರ್ಯ ಮೂಡಿದಾಗಿಂದ ಮುಳುಗುವವರೆಗೆ 10 ಸೆಕೆಂಡಿಗೆ ಒಂದು ಫ್ರೇಮ್. ನಿಯಮ ಒಂದೇ: ಬಿಸಿಲು ಇದ್ದರೆ ಕ್ಯಾಮೆರಾ ತನ್ನ ನೆರಳನ್ನು ನೋಡಬೇಕು, ಮೋಡ ಕವಿದರೆ ಸೂರ್ಯನ ಕಡೆ ತಿರುಗಬೇಕು. ಸಿನಿಮಾದ ಕಟಿಂಗ್ ಪೂರ್ತಿ ಮೋಡದ ಕೈಯಲ್ಲಿ.

ಇದನ್ನು ಮಲ್ಪೆಯಲ್ಲಿ ಹಾಗೆಯೇ ಮಾಡಿದರೆ ಏನಾಗುತ್ತದೆ? ಜನವರಿಯಲ್ಲಿ ನಮ್ಮಲ್ಲಿ ಮೋಡ ಎಲ್ಲಿದೆ? ಏಳು ದಿನವೂ ಬರೀ ನೆರಳು. ಜುಲೈಯಲ್ಲಿ ಮಾಡಿದರೆ ನೆರಳೇ ಇಲ್ಲ, ಕ್ಯಾಮೆರಾವೂ ಉಳಿಯುವುದಿಲ್ಲ. ವೇಲ್ಸ್‌ನ ಆಕಾಶಕ್ಕೆ ಮಾಡಿದ ನಿಯಮ ಇಲ್ಲಿ ಕೆಲಸಕ್ಕೆ ಬಾರದು.

ನಮ್ಮ ಕರಾವಳಿಯಲ್ಲಿ ದಿನಕ್ಕೊಮ್ಮೆ ತಪ್ಪದೆ ಬದಲಾಗುವುದು ಗಾಳಿ. ಮಳೆಗಾಲ ಮುಗಿದ ಮೇಲೆ ಗಮನಿಸಿ ನೋಡಿ. ರಾತ್ರಿ ನೆಲ ಬೇಗ ತಣಿಯುತ್ತದೆ, ಕಡಲು ಬೆಚ್ಚಗೇ ಇರುತ್ತದೆ. ಹಾಗಾಗಿ ಬೆಳಗಿನ ಜಾವ ಗಾಳಿ ನೆಲದಿಂದ ಕಡಲಿಗೆ ಹೋಗುತ್ತದೆ. ಬಿಸಿಲೇರಿದಂತೆ ನೆಲ ಕಾಯುತ್ತದೆ, ಲೆಕ್ಕ ತಿರುಗುಮುರುಗಾಗುತ್ತದೆ. ಹತ್ತು, ಹನ್ನೊಂದು ಗಂಟೆಗೆ ಗಾಳಿ ನಿಂತೇ ಹೋಗುತ್ತದೆ. ಸೆಕೆ. ಆಮೇಲೆ ಕಡಲ ಕಡೆಯಿಂದ ಶುರು. ಅಂದರೆ ಗಾಳಿಕೋಳಿಯ ಮೇಲೆ ಕೂತ ಕ್ಯಾಮೆರಾ ದಿನಕ್ಕೊಮ್ಮೆ ಅರ್ಧ ಸುತ್ತು ಹೊಡೆಯಲೇಬೇಕು. ನನಗೆ ಬೇಕಾದ ಸಿನಿಮಾ ಆ ಅರ್ಧ ಸುತ್ತು.

ಜಾಗ ಮಲ್ಪೆಯ ಪಡುಕೆರೆ. ಅಲ್ಲಿ ಗೆಳೆಯನ ಮನೆ. ನೆಲ ಅಲ್ಲಿ ಒಂದು ಪಟ್ಟಿ ಮಾತ್ರ, ಪಡುವಣಕ್ಕೆ ಕಡಲು, ಮೂಡಣಕ್ಕೆ ಉದ್ಯಾವರ ಹೊಳೆ. ಕ್ಯಾಮೆರಾ ಎತ್ತ ತಿರುಗಿದರೂ ಏನಾದರೂ ಇದ್ದೇ ಇದೆ.

ಮೊದಲು ಕ್ಯಾಮೆರಾ

ಮಾವ ಬಹರೈನ್‌ನಿಂದ ತಂದದ್ದು. 1970ರ ದಶಕದ ಜಪಾನಿ ಮಾಲು. ಅಟ್ಟದ ಮೇಲೆ, ಮದುವೆಯ ಪಾತ್ರೆಗಳ ಹಿಂದೆ, ಚರ್ಮದ ಚೀಲದಲ್ಲಿ ಇತ್ತು. ಚೀಲಕ್ಕೆ ಬೂಸಲು ಬಂದು ಬೆಕ್ಕಿನ ಮೈಯ ಹಾಗೆ ಆಗಿತ್ತು. ನಮ್ಮ ಊರಿನ ಮಳೆಗಾಲ ನಲವತ್ತು ಸಲ ಅದರ ಮೇಲೆ ಹೋಗಿದೆ, ಸುಮ್ನೆ ಬಿಡುತ್ತದಾ?

ಹಿಡಿಯ ಒಳಗೆ ನಾಲ್ಕು ಡಬಲ್-ಎ ಸೆಲ್ ಸೋರಿ ಹಸಿರು ಗಟ್ಟಿಯಾಗಿತ್ತು. ಅಡುಗೆಮನೆಯ ವಿನೆಗರ್ ಅನ್ನು ಕಿವಿಕಡ್ಡಿಯಲ್ಲಿ ಅದ್ದಿ ಹಚ್ಚಿದೆ. ನೊರೆ ಬಂತು, ಕರಗಿತು. ಮೇಲೆ ಐಸೊಪ್ರೊಪೈಲ್ ಆಲ್ಕೊಹಾಲ್‌ನಿಂದ ಒರೆಸಿದೆ. ಸ್ಯಾನಿಟೈಜರ್ ಬಳಸಬೇಡಿ, ಅದರಲ್ಲಿ ಗ್ಲಿಸರಿನ್ ಇರುತ್ತದೆ, ಅಂಟುತ್ತದೆ. ಒಂದು ಸ್ಪ್ರಿಂಗ್ ಪೂರ್ತಿ ತಿಂದು ಹೋಗಿತ್ತು. ಟಿವಿ ರಿಮೋಟಿನ ಸ್ಪ್ರಿಂಗ್ ಬೆಸುಗೆ ಹಾಕಿದೆ. ಮೋಟಾರ್ "ಗುರ್ರ್" ಎಂದಿತು. ಆ ರಾತ್ರಿ ಮನೆಯಲ್ಲಿ ಎಲ್ಲರನ್ನೂ ಎಬ್ಬಿಸಿ ಆ ಸದ್ದು ಕೇಳಿಸಿದೆ. ಯಾರಿಗೂ ಖುಷಿಯಾದಂತೆ ಕಾಣಲಿಲ್ಲ.

ಬಾಗಿಲ ಸುತ್ತ ಇದ್ದ ಸ್ಪಂಜು ಟಾರಿನ ಹಾಗೆ ಕರಗಿತ್ತು. ಕೆರೆದು ತೆಗೆದು ಕಪ್ಪು ಉಣ್ಣೆ ದಾರ ಅಂಟಿಸಿದೆ. ಮುಂದಿನ ಗಾಜಿನಲ್ಲಿ ಶಿಲೀಂಧ್ರ, ಜೇಡರ ಬಲೆಯ ಹಾಗೆ. ಮೆಡಿಕಲ್ ಅಂಗಡಿಯ ಹೈಡ್ರೋಜನ್ ಪೆರಾಕ್ಸೈಡ್‌ನಿಂದ ಮುಕ್ಕಾಲು ಪಾಲು ಹೋಯಿತು. ಉಳಿದ ಕಾಲು ಪಾಲು ಗಾಜನ್ನೇ ಕೊರೆದಿದೆ, ಅದು ಹಾಗೇ.

ಬೆಳಕು ಅಳೆಯುವ ಮೀಟರಿಗೆ 1.35 ವೋಲ್ಟಿನ ಪಾದರಸದ ಬಟನ್ ಸೆಲ್ ಬೇಕು. ಪಾದರಸದ ಸೆಲ್ ಈಗ ಎಲ್ಲೂ ಇಲ್ಲ. ಸಾಮಾನ್ಯ 1.5 ವೋಲ್ಟ್ ಹಾಕಿದರೆ ಮೀಟರ್ ಸುಳ್ಳು ಹೇಳುತ್ತದೆ. ಪರಿಹಾರ ಸಿಕ್ಕಿದ್ದು ಕಿವಿ ಕೇಳದವರ ಮಿಷನ್ನಿನಲ್ಲಿ. ಅದರ 675 ನಂಬರಿನ ಜಿಂಕ್-ಏರ್ ಸೆಲ್ 1.4 ವೋಲ್ಟ್ ಕೊಡುತ್ತದೆ. ಸುತ್ತ ಒಂದು ತಂತಿ ಬಳೆ ಸುತ್ತಿದರೆ ಜಾಗದಲ್ಲಿ ಕೂರುತ್ತದೆ. ಸ್ಟಿಕರ್ ಕಿತ್ತ ಕೂಡಲೇ ಆಯುಷ್ಯ ಶುರು, ಅದು ನೆನಪಿರಲಿ.

ಚೀಲದ ಅಡಿಯಲ್ಲಿ ಕೊಡಾಕ್ರೋಮ್ ಎಂಬ ಬಣ್ಣದ ಫಿಲ್ಮಿನ ಒಂದು ಕಾರ್ಟ್ರಿಜ್ ಕೂಡ ಇತ್ತು. ಮಾವ ತೆಗೆದು ಮುಗಿಸಿದ್ದು, ತೊಳೆಸದೆ ಬಿಟ್ಟದ್ದು. ಆ ಫಿಲ್ಮನ್ನು ಬಣ್ಣದಲ್ಲಿ ತೊಳೆಯುವ ಕೊನೆಯ ಲ್ಯಾಬ್ 2010ರ ಡಿಸೆಂಬರ್ ಕೊನೆಗೆ ಆ ಕೆಲಸ ನಿಲ್ಲಿಸಿತು. ಕಪ್ಪುಬಿಳುಪಿನಲ್ಲಿ ತೊಳೆಯಬಹುದು, ಆದರೆ ಬೆನ್ನಿಗೆ ಮಸಿಯ ಪದರ ಇರುತ್ತದೆ, ಅದನ್ನು ತೆಗೆಯುವುದು ಬೇರೆಯೇ ಕೆಲಸ. ಸದ್ಯ ಅದು ಫ್ರಿಜ್ಜಿನಲ್ಲಿ ಬೆಣ್ಣೆಯ ಪಕ್ಕ ಇದೆ.

ಹತ್ತು ಸೆಕೆಂಡಿನ ಬೆರಳು

ಸೂಪರ್ 8 ಕಾರ್ಟ್ರಿಜ್ ಒಂದರಲ್ಲಿ 50 ಅಡಿ ಫಿಲ್ಮ್. ಅಡಿಗೆ 72 ಫ್ರೇಮ್. ಒಟ್ಟು 3600. ಹತ್ತು ಸೆಕೆಂಡಿಗೆ ಒಂದರಂತೆ ಹೊಡೆದರೆ 36,000 ಸೆಕೆಂಡ್, ಅಂದರೆ ಸರಿಯಾಗಿ 10 ಗಂಟೆ. ಸೆಕೆಂಡಿಗೆ 18 ಫ್ರೇಮಿನಂತೆ ತೋರಿಸಿದರೆ 3 ನಿಮಿಷ 20 ಸೆಕೆಂಡ್. ಈ ಲೆಕ್ಕ ಮಾಡಿದಾಗ ಒಂದು ಕ್ಷಣ ಕೊಡಾಕ್‌ನವರು 1965ರಲ್ಲಿ ಸೂಪರ್ 8 ತಂದದ್ದೇ ಪಡುಕೆರೆಗಾಗಿ ಅನ್ನಿಸಿತು.

ಕ್ಯಾಮೆರಾಕ್ಕೆ ಒಂದೊಂದೇ ಫ್ರೇಮ್ ಹೊಡೆಯುವ ಕೇಬಲ್ ತೂತು ಇದೆ. ಕೇಬಲಿನ ಗುಂಡಿ ಒತ್ತಲು 12 ವೋಲ್ಟಿನ ಸಣ್ಣ ಸೊಲೆನಾಯ್ಡ್, ಅಂದರೆ ಕರೆಂಟ್ ಕೊಟ್ಟರೆ ಕಡ್ಡಿ ನೂಕುವ ತಂತಿ ಸುರುಳಿ. ಅದನ್ನು ಕರೆಯಲು ಆರ್ಡುಯಿನೊ ನ್ಯಾನೊ ಎಂಬ ಪುಟ್ಟ ಕಂಪ್ಯೂಟರ್ ಬೋರ್ಡು, ನಡುವೆ ಸ್ವಿಚ್ಚಿನ ಕೆಲಸ ಮಾಡುವ ಒಂದು ಮಾಸ್ಫೆಟ್. ಬೋರ್ಡು ಮೇಜಿನ ಮೇಲೆ ಮೂರು ಸಲ ಒತ್ತಿ ನಿಂತಿತು. ಮತ್ತೆ ಮೊದಲಿಂದ ಶುರು. ಎರಡು ಸಂಜೆ ಪ್ರೋಗ್ರಾಮಿನಲ್ಲಿ ತಪ್ಪು ಹುಡುಕಿದೆ. ತಪ್ಪು ಅಲ್ಲಿರಲಿಲ್ಲ. ಸೊಲೆನಾಯ್ಡ್ ಬಿಟ್ಟಾಗ ಅದರ ಸುರುಳಿ ಹಿಂದಕ್ಕೆ ಒದೆಯುತ್ತದೆ, ಆ ಒದೆತಕ್ಕೆ ನ್ಯಾನೊ ರೀಸೆಟ್ ಆಗುತ್ತಿತ್ತು. ಅಡ್ಡಲಾಗಿ, ಕರೆಂಟನ್ನು ಒಂದೇ ಕಡೆಗೆ ಬಿಡುವ ಒಂದು 1ಎನ್4007 ಡಯೋಡ್ ಹಾಕಬೇಕು ಎನ್ನುವುದು ಯಾವ ಹುಡುಗನಿಗೂ ಗೊತ್ತು. ನನಗೂ ಗೊತ್ತಿತ್ತು. ಹಾಕಿರಲಿಲ್ಲ.

ಕರೆಂಟಿನ ಲೆಕ್ಕ ಹೆದರಿಸುವಂಥದ್ದಲ್ಲ. ಒಂದು ಆಂಪಿಯರ್, 0.2 ಸೆಕೆಂಡ್, ಹತ್ತು ಸೆಕೆಂಡಿಗೊಮ್ಮೆ. ಹತ್ತು ಗಂಟೆಗೆ 200 ಮಿಲಿ ಆಂಪಿಯರ್ ಅವರ್. ನ್ಯಾನೊ ಕೂಡ ಹೆಚ್ಚುಕಡಿಮೆ ಅಷ್ಟೇ ಕುಡಿಯುತ್ತದೆ. ಹಳೆ ಲ್ಯಾಪ್‌ಟಾಪಿನ ಮೂರು ಸೆಲ್ ಸಾಕು. ಮೊದಲು ಬ್ಯಾಟರಿಯನ್ನು ನೆಲದಲ್ಲಿಟ್ಟು ವೈರ್ ಮೇಲೆ ಎಳೆದಿದ್ದೆ. ಎರಡು ಸುತ್ತಿಗೆ ವೈರ್ ಹಗ್ಗದಂತೆ ಹುರಿಗೊಂಡು ಗಾಳಿಕೋಳಿಯನ್ನು ಕಟ್ಟಿಹಾಕಿತು. ಆಮೇಲೆ ಬ್ಯಾಟರಿ, ಬೋರ್ಡು ಎಲ್ಲವನ್ನೂ ಕ್ಯಾಮೆರಾ ಹೊತ್ತು ತಿರುಗುವ ಮೇಲಿನ ತೋಳಿಗೇ ಹತ್ತಿಸಿದೆ. ಕ್ಯಾಮೆರಾದ ತೂಕಕ್ಕೆ ಎದುರು ತೂಕವೂ ಆಯಿತು.

ಇಂಥ ಕೆಲಸ ಮಾಡುವಾಗ ನನಗೆ ನೆನಪಾಗುವವನು ಪರ್ಸಿ ಸ್ಮಿತ್. ಲಂಡನ್ನಿನಲ್ಲಿ ಗುಮಾಸ್ತನಾಗಿದ್ದವನು. 1910ರಲ್ಲಿ ಹೂವು ಅರಳುವುದನ್ನು ಬಿಟ್ಟು ಬಿಟ್ಟು ಫ್ರೇಮ್ ಹೊಡೆದು ತೋರಿಸಿದ. ಸೌತ್‌ಗೇಟ್‌ನ ತನ್ನ ಮನೆಯಲ್ಲೇ, ಕೈಗೆ ಸಿಕ್ಕ ಚೂರುಪಾರು ಜೋಡಿಸಿ ಯಂತ್ರ ಮಾಡಿಕೊಂಡಿದ್ದ. ರಾತ್ರಿ ಫಿಲ್ಮ್ ಬದಲಿಸುವ ಹೊತ್ತಾದರೆ ಅವನನ್ನು ಎಬ್ಬಿಸಲು ಮನೆಯಲ್ಲಿ ಗಂಟೆಗಳಿದ್ದವು. ಅವನ ಮನೆಯವರು ಏನೆಂದರೋ! ನನ್ನ ಮನೆಯಲ್ಲಿ 10 ಸೆಕೆಂಡಿಗೊಮ್ಮೆ "ಟಕ್" ಎನ್ನುವ ಪೆಟ್ಟಿಗೆಯನ್ನು ಮೂರನೇ ರಾತ್ರಿ ಬಾವಿಕಟ್ಟೆಗೆ ಕಳಿಸಿದರು.

ಗಾಳಿಕೋಳಿ

ಅಡಿಕೆ ಮರದ ಮೂರು ಸೀಳುಗಳಿಂದ ಮುಕ್ಕಾಲಿ. ಮೇಲೆ ಪ್ಲೈವುಡ್ ತಟ್ಟೆ. ಹಬ್‌ನಲ್ಲಿ ಸ್ಪೋಕ್ ಸಿಕ್ಕಿಸುವ ತೂತುಗಳಿವೆಯಲ್ಲ, ಅವುಗಳಲ್ಲೇ ಸಣ್ಣ ಬೋಲ್ಟ್ ಹಾಕಿ ತಟ್ಟೆಗೆ ಬಿಗಿದೆ. ಅಚ್ಚು ಮೇಲಕ್ಕೂ ಕೆಳಕ್ಕೂ ಚಾಚಿಕೊಂಡಿದೆ. ಮೇಲಿನ ತುದಿಗೆ ಒಂದು ಮೀಟರ್ ಉದ್ದದ ಅಲ್ಯೂಮಿನಿಯಂ ಚೌಕ ಪೈಪು. ಒಂದು ಕೊನೆಗೆ ಬ್ಯಾಟರಿ, ನಡುವೆ ಕ್ಯಾಮೆರಾ, ಇನ್ನೊಂದು ಕೊನೆಗೆ ಬಾಲ. ಬಾಲಕ್ಕೆ ಬೋರ್ಡ್ ಬರೆಯುವವರ ಅಂಗಡಿಯಲ್ಲಿ ಉಳಿದ ಎಸಿಪಿ ಶೀಟ್, ಅಂದರೆ ನಾಮಫಲಕಕ್ಕೆ ಬಳಸುವ ಹಗುರ ಅಲ್ಯೂಮಿನಿಯಂ ಹಾಳೆ. ನನ್ನ ಬಾಲದ ಮೇಲೆ "…ಟಲ್ ಕ್ಲಿ…" ಎಂದು ಕೆಂಪು ಅಕ್ಷರ ಇತ್ತು. ಯಾವುದೋ ಡೆಂಟಲ್ ಕ್ಲಿನಿಕ್.

ಹಬ್‌ನ ಗ್ರೀಸ್ ತೊಳೆದು ಹೊಲಿಗೆ ಮಿಷನ್ ಎಣ್ಣೆ ಬಿಟ್ಟೆ. ಬೆರಳು ತಾಗಿಸಿದರೆ ತಿರುಗುತ್ತದೆ, ನಿಲ್ಲುವುದೇ ಇಲ್ಲ. ಅದೇ ತೊಂದರೆ. ಸಂಜೆಯ ಕಡಲಗಾಳಿಗೆ ತಂದಿಟ್ಟಾಗ ಅದು ನೋಡಲಿಲ್ಲ, ನಡುಗಿತು. ಎಡಕ್ಕೊಮ್ಮೆ, ಬಲಕ್ಕೊಮ್ಮೆ, ನಾಯಿ ಬಾಲದ ಹಾಗೆ.

ಹಾಗಾದರೆ ಬಿಗಿ ಮಾಡೋಣ ಎಂದು ಹಬ್‌ನ ಕೋನ್ ನಟ್ ತಿರುಗಿಸಿದೆ. ನಡುಕ ನಿಂತಿತು. ಸರಿ ಹೋಯಿತು ಎಂದುಕೊಂಡೆ. ಆದರೆ ಮರುದಿನ ಗಾಳಿ ಮೆಲ್ಲಗೆ ಇದ್ದಾಗ ಅದು ಅಲುಗಲೇ ಇಲ್ಲ. ಇಲ್ಲಿ ನನಗೆ ವಿಷಯ ಅರ್ಥವಾಗಲು ಎರಡು ದಿನ ಹಿಡಿಯಿತು. ಲೋಹಕ್ಕೆ ಲೋಹ ಉಜ್ಜಿದರೆ, ಒಂದು ಮಟ್ಟದ ತನಕ ಅದು ಏನೂ ಬಿಟ್ಟುಕೊಡುವುದಿಲ್ಲ. ಮಟ್ಟ ದಾಟಿದರೆ ಒಮ್ಮೆಲೇ ಜಾರುತ್ತದೆ. ನೆಲಗಾಳಿ ತೀರಾ ಮೆದು, ಆ ಮಟ್ಟ ಅದಕ್ಕೆ ದಾಟಲಾಗದು. ನನಗೆ ಬೇಕಾದದ್ದು ಬೇರೆ ತರದ ತಡೆ. ಮೆಲ್ಲ ನೂಕಿದರೆ ಮೆಲ್ಲ ಬಿಡಬೇಕು, ಜೋರು ನೂಕಿದರೆ ಜೋರಾಗಿ ತಡೆಯಬೇಕು. ಪಾಯಸದಲ್ಲಿ ಸೌಟು ತಿರುಗಿಸಿದ ಹಾಗೆ.

ಅಂದರೆ ಎಣ್ಣೆ. ನಟ್ ಮತ್ತೆ ಸಡಿಲ ಮಾಡಿದೆ. ಅಚ್ಚಿನ ಕೆಳಗಿನ ತುದಿಗೆ ತಗಡಿನ ಎಂಟು ರೆಕ್ಕೆ ಕಟ್ಟಿ, ಅದು ಮುಳುಗುವಂತೆ ಪೈಂಟ್ ಡಬ್ಬವೊಂದನ್ನು ತಟ್ಟೆಯ ಕೆಳಗೆ ತೂಗಿಸಿದೆ. ಎಣ್ಣೆ ಯಾವುದು? ಮನೆಯಲ್ಲಿ ಬೇಕಾದಷ್ಟು ಇರುವುದು ತೆಂಗಿನೆಣ್ಣೆ. ಎರಡು ಲೀಟರ್ ಸುರಿದೆ. ಕಡಲಗಾಳಿಗೆ ಇಟ್ಟೆ. ಆಹಾ! ದೊಡ್ಡ ಮನುಷ್ಯರು ತಲೆ ತಿರುಗಿಸುವ ಹಾಗೆ ನಿಧಾನಕ್ಕೆ ತಿರುಗಿತು.

ಫಿಲ್ಮ್ ಹಾಕುವ ಮೊದಲು ಫೋನ್ ಕಟ್ಟಿ ನಾಲ್ಕು ಸಂಜೆ ಪರೀಕ್ಷೆ ಮಾಡಿದೆ. ಒಂದು ಕಾರ್ಟ್ರಿಜ್ ತರಿಸಿದ ದುಡ್ಡಿನಲ್ಲಿ ಮನೆಯವರೆಲ್ಲ ಹತ್ತು ಸಲ ಮೀನೂಟ ಮಾಡಬಹುದು, ಹಾಗಾಗಿ ಅವಸರ ಮಾಡಲಿಲ್ಲ. ಫೋನ್ ಒಂದು ದೊಡ್ಡ ತಪ್ಪು ತೋರಿಸಿಕೊಟ್ಟಿತು. ಗಾಳಿಕೋಳಿಯ ಮೂಗು ಗಾಳಿ ಬರುವ ಕಡೆಗೆ ಇರುತ್ತದೆ. ಕ್ಯಾಮೆರಾ ಆ ಕಡೆ ನೋಡಿದರೆ ಸಂಜೆ ಕಡಲ ಮೇಲಿನ ಹೊಳಪಿಗೆ ಎಲ್ಲ ಕಪ್ಪಾಗುತ್ತದೆ. ಬೆಳಗ್ಗೆಯಂತೂ ಮೂಡಣಕ್ಕೆ, ಹೆಚ್ಚುಕಡಿಮೆ ಸೂರ್ಯನ ಮುಖಕ್ಕೇ. ಹಾಗಾಗಿ ಕ್ಯಾಮೆರಾವನ್ನು ಹಿಂದುಮುಂದು ಮಾಡಿ, ಗಾಳಿ ಹೋಗುವ ಕಡೆ ನೋಡುವಂತೆ ಕೂರಿಸಿದೆ. ಬೆಳಗ್ಗೆ ಕಡಲು, ಮಧ್ಯಾಹ್ನದ ಮೇಲೆ ತೆಂಗಿನ ತೋಟ, ಹೊಳೆ. ಬೆಳಕು ಬೆನ್ನಿಗೆ. ಆದರೆ ಈಗ ಬಾಲ ಲೆನ್ಸಿನ ಎದುರು ಬಂತು! ಬಾಲವನ್ನು ಎರಡಾಗಿ ಸೀಳಿ, ಆಚೆ ಈಚೆ ಅಗಲಿಸಿ, ಕೆಳಗೆ ಇಳಿಸಿದೆ. ಡೆಂಟಲ್ಲೂ ಕ್ಲಿನಿಕ್ಕೂ ಬೇರೆಯಾದವು.

ಇದನ್ನೆಲ್ಲ ಪಕ್ಕದ ಮನೆಯ ಹಿರಿಯರೊಬ್ಬರು ದಿನಾ ನೋಡುತ್ತಿದ್ದರು. ಬಲೆ ಹೆಣೆಯುತ್ತಾ ಕೂರುವವರು, ಹಿಂದೆ ಕೈರಂಪಣಿಯಲ್ಲಿ, ಅಂದರೆ ದಡದಿಂದ ಬಲೆ ಎಳೆಯುವ ಮೀನುಗಾರಿಕೆಯಲ್ಲಿ, ಇದ್ದವರು. "ಎಂತ ಮಾರಾಯ್ರೆ ಇದು?" ಎಂದರು ನಾಲ್ಕನೇ ದಿನ. ಗಾಳಿ ಯಾವ ಕಡೆ ಎಂದು ನೋಡಲಿಕ್ಕೆ ಎಂದೆ. "ಅದಕ್ಕೆ ಇಷ್ಟೆಲ್ಲ ಎಂತಕ್ಕೆ? ಕಡಲಕಾಗೆ ಎತ್ತ ಮುಖ ಮಾಡಿ ಕೂತಿದೆ ನೋಡಿದರೆ ಆಯ್ತಲ್ಲ?" ಹೌದು, ಹಕ್ಕಿಗಳು ಗಾಳಿಗೆ ಎದುರಾಗಿ ಕೂರುತ್ತವೆ. ಬೆನ್ನಿನಿಂದ ಗಾಳಿ ಬಂದರೆ ಗರಿ ಎಬ್ಬುತ್ತದೆ. ಹೌದೌದು ಎಂದು ನಕ್ಕೆ. ಮರೆತೆ.

ಮೊದಲ ರೋಲ್

ಜನವರಿಯ ಎರಡನೇ ಶನಿವಾರ. ಬೆಳಗ್ಗೆ 6:40ಕ್ಕೆ ಮುಕ್ಕಾಲಿ ಇಟ್ಟೆ. ತಟ್ಟೆ ಮಟ್ಟಸ ಇದೆಯಾ ಎಂದು ಬಟ್ಟಲಲ್ಲಿ ನೀರಿಟ್ಟು ನೋಡಿದೆ. ಇಲ್ಲದಿದ್ದರೆ ತೋಳು ಗಾಳಿಯ ಮಾತು ಕೇಳುವುದಿಲ್ಲ, ಇಳಿಜಾರಿನ ಮಾತು ಕೇಳುತ್ತದೆ. 7ಕ್ಕೆ ಸ್ವಿಚ್ ಹಾಕಿದೆ. ಟಕ್. ಗೆಳೆಯನ ಮನೆಯಲ್ಲಿ ಚಾ, ನೀರುದೋಸೆ.

8ಕ್ಕೆ ಬಂದು ನೋಡಿದರೆ ಕ್ಯಾಮೆರಾ ನಾನು ಇಟ್ಟ ದಿಕ್ಕಿಗೇ ಇದೆ. ತಣ್ಣನೆ ಗಾಳಿ ಮೂಡಣದಿಂದ ಬರುತ್ತಿದೆ, ಮೈಗೆ ತಾಗುತ್ತಿದೆ. ಕ್ಯಾಮೆರಾ ಮಾತ್ರ ಗೆಳೆಯನ ಮನೆಯ ಕಾಂಪೌಂಡ್ ಗೋಡೆಯನ್ನು ನೋಡುತ್ತಾ ನಿಂತಿದೆ. ಬಗ್ಗಿ ಡಬ್ಬ ನೋಡಿದೆ. ಎಣ್ಣೆ ಬೆಳ್ಳಗೆ ಮೇಣದ ಹಾಗೆ ಹೆಪ್ಪುಗಟ್ಟಿದೆ.

24 ಡಿಗ್ರಿಗೆ ತೆಂಗಿನೆಣ್ಣೆ ಹೆಪ್ಪುಗಟ್ಟುತ್ತದೆ. ಡಿಸೆಂಬರಿನಲ್ಲಿ ಬಚ್ಚಲುಮನೆಯ ಬಾಟಲಿಯನ್ನು ಬಿಸಿಲಿಗಿಟ್ಟು ಬೆಳೆದವನು ನಾನು. ಆದರೆ ಪರೀಕ್ಷೆ ಮಾಡಿದ್ದೆಲ್ಲ ಕೆಲಸ ಮುಗಿಸಿ ಬಂದ ಮೇಲೆ, ಸಂಜೆ, 30 ಡಿಗ್ರಿಯಲ್ಲಿ. ಬೆಳಗಿನ ಜಾವ ಒಮ್ಮೆಯೂ ನೋಡಿರಲಿಲ್ಲ. ಮುಟ್ಟಬಾರದು ಎನ್ನುವ ನಿಯಮ ನಾನೇ ಮಾಡಿದ್ದು. ಸೂಪರ್ 8 ಕಾರ್ಟ್ರಿಜ್ಜನ್ನು ಹಿಂದಕ್ಕೆ ಸುತ್ತಲೂ ಆಗುವುದಿಲ್ಲ. ಬಿಸಿಲು ತಾಗಿ ಎಣ್ಣೆ ಬಿಟ್ಟಾಗ ಎಂಟೂಮುಕ್ಕಾಲು. ಒಂದೂಮುಕ್ಕಾಲು ಗಂಟೆ, 630 ಫ್ರೇಮ್, ಪರದೆಯಲ್ಲಿ 35 ಸೆಕೆಂಡ್ ಗೋಡೆ. ಮುಂದೆ ಆ ಗೋಡೆಯ ಮೇಲೆ ಒಣಗುತ್ತಿದ್ದ ಬೈರಾಸು ಯಾರದ್ದು ಎಂದು ಗೆಳೆಯನ ತಾಯಿ ಗುರುತು ಹಿಡಿದರು. ಆ ರೋಲಿನಿಂದ ಆದ ಲಾಭ ಅಷ್ಟೇ.

ಎಣ್ಣೆ ಬದಲಾಯಿತು. ಮೆಕ್ಯಾನಿಕ್ ಕೊಟ್ಟ 90 ನಂಬರಿನ ಗೇರ್ ಎಣ್ಣೆ. ಅದು ಹೆಪ್ಪುಗಟ್ಟುವುದಿಲ್ಲ, ಆದರೆ ಮಂದ. ಎಂಟು ರೆಕ್ಕೆಯಲ್ಲಿ ನಾಲ್ಕನ್ನು ಕತ್ತರಿಸಿದೆ. ಈ ಸಲ ಪರೀಕ್ಷೆ ಬೆಳಗ್ಗೆ 6ಕ್ಕೆ.

ಕಾಫಿ

ತೊಳೆಯುವುದು ಮನೆಯಲ್ಲೇ. ಕಪ್ಪುಬಿಳುಪು ಫಿಲ್ಮಿಗೆ ಕಾಫಿ ಸಾಕು, ತಮಾಷೆ ಅಲ್ಲ. ಲೀಟರ್ ನೀರಿಗೆ 54 ಗ್ರಾಂ ಒಗೆಯುವ ಸೋಡಾ, 16 ಗ್ರಾಂ ವಿಟಮಿನ್ ಸಿ, 40 ಗ್ರಾಂ ಇನ್‌ಸ್ಟಂಟ್ ಕಾಫಿಪುಡಿ. 20 ಡಿಗ್ರಿಯಲ್ಲಿ 15 ನಿಮಿಷ. ನಮ್ಮ ಫಿಲ್ಟರ್ ಕಾಫಿಯ ಡಿಕಾಕ್ಷನ್ ಹಾಕಬೇಡಿ, ಪಾಪ ಅದು. ಅಗ್ಗದ ಇನ್‌ಸ್ಟಂಟ್ ಪುಡಿಯೇ ಒಳ್ಳೆಯದು. ವಾಸನೆಯ ಬಗ್ಗೆ ಏನು ಹೇಳಲಿ, ಒಣಮೀನಿನ ಗೋದಾಮು ಸುಗಂಧ ಅನ್ನಿಸುತ್ತದೆ.

ತುಂಡು ಫಿಲ್ಮ್ ಹಾಕಿ ನೋಡಿದ ಮೊದಲ ಪರೀಕ್ಷೆಯಲ್ಲಿ ಏನೂ ಮೂಡಲಿಲ್ಲ ಎನ್ನುವಷ್ಟು ತೆಳು. ಕಾರಣ ಸೋಡಾ. ಹರಳು ಹರಳಾಗಿ ಸಿಗುವ ಸೋಡಾದಲ್ಲಿ ಅರ್ಧಕ್ಕಿಂತ ಜಾಸ್ತಿ ನೀರೇ ತೂಗುತ್ತದೆ. ಲೆಕ್ಕ ಇರುವುದು ಒಣ ಪುಡಿಗೆ. ಬಾಣಲೆಯಲ್ಲಿ ಹುರಿದೆ, ಹರಳು ಕರಗಿ, ಕುದಿದು, ಬಿಳಿ ಪುಡಿಯಾಗಿ ಕೂತಿತು. ಆ ಬಾಣಲೆಯಲ್ಲಿ ಇನ್ನು ಅಡುಗೆ ಇಲ್ಲ, ಹೊಸದು ತಂದುಕೊಡಬೇಕಾಯಿತು.

15 ಮೀಟರ್ ಫಿಲ್ಮನ್ನು ಬಕೆಟಿಗೆ ತುರುಕಿದರೆ ಶ್ಯಾವಿಗೆಯಂತೆ ಗೋಜಲಾಗಿ ಗೀರು ಬೀಳುತ್ತದೆ. ಅದಕ್ಕೆ 110 ಮಿ.ಮೀ. ಪಿವಿಸಿ ಪೈಪಿನ ಉರುಳೆ ಮಾಡಿದೆ. ಒಂದು ಸುತ್ತಿಗೆ ಸುಮಾರು 34.5 ಸೆಂ.ಮೀ. ಅಂದರೆ 44 ಸುತ್ತು. ಸುತ್ತಿಗೆ ಒಂದು ಸೆಂ.ಮೀ. ಜಾಗ ಬಿಟ್ಟರೆ ಅರ್ಧ ಮೀಟರ್ ಪೈಪು ಸಾಕು. ಸುತ್ತುಗಳು ಜಾರದಂತೆ ಮೀನು ಹಿಡಿಯುವ ನೈಲಾನ್ ದಾರವನ್ನು ಸುರುಳಿಯಾಗಿ ಅಂಟಿಸಿದೆ. ಕತ್ತಲಲ್ಲಿ ಬೆರಳಿಗೆ ದಾರಿ ತಿಳಿಯುವುದು ಅದರಿಂದಲೇ. ದೊಡ್ಡ ಪೈಪನ್ನು ಉದ್ದಕ್ಕೆ ಸೀಳಿ ತೊಟ್ಟಿ ಮಾಡಿದೆ. ಉರುಳೆ ಅದರಲ್ಲಿ ಅರ್ಧ ಮುಳುಗಿ ತಿರುಗುತ್ತದೆ. ಎರಡು ಲೀಟರ್ ಬೇಕು. ಅಂದರೆ ಒಂದು ರೋಲಿಗೆ 80 ಗ್ರಾಂ ಕಾಫಿಪುಡಿ ಚರಂಡಿಗೆ.

ನಲ್ಲಿ ನೀರು 28 ಡಿಗ್ರಿ. 20ಕ್ಕೆ ಇಳಿಸಲು ಐಸ್ ಬೇಕು. ಮಲ್ಪೆಯಲ್ಲಿ ಐಸಿಗೆ ಬರವೇ? ಮೀನಿನ ಬಾಕ್ಸಿಗೆ ಹಾಕುವ ಐಸ್ ಒಂದು ಚೀಲ ತಂದು ತೊಟ್ಟಿಯ ಸುತ್ತ ಹೊರಗಿನಿಂದ ಒತ್ತಿಟ್ಟೆ. ಒಳಗೆ ಹಾಕಿದರೆ ಕರಗಿ ದ್ರಾವಣ ತೆಳುವಾಗುತ್ತದೆ, ಬಂಗುಡೆ ಪರಿಮಳ ಬೇರೆ.

ರಾತ್ರಿ 11ಕ್ಕೆ ಬಚ್ಚಲುಮನೆ. ಬಾಗಿಲ ಸಂದಿಗೆ ಕಂಬಳಿ. ಕಾರ್ಟ್ರಿಜ್ಜನ್ನು ಕತ್ತಲಲ್ಲಿ ಒಡೆದು 44 ಸುತ್ತು ಸುತ್ತಲು ಇಪ್ಪತ್ತು ನಿಮಿಷ. ಬೆವರು ಫಿಲ್ಮಿನ ಮೇಲೆ ಬೀಳಬಾರದೆಂದು ತಲೆಗೆ ಬೈರಾಸು. 15 ನಿಮಿಷ ತಿರುಗಿಸಿ, ತೊಳೆದು, ಚಿತ್ರ ಬೆಳಕಿಗೆ ಕೆಡದಂತೆ ನಿಲ್ಲಿಸುವ ಹೈಪೋ ಹಾಕಿ, ಲೈಟ್ ಹಾಕಿದಾಗ ಪೈಪಿನ ಮೇಲೆ ಸಾಲು ಸಾಲು ಸಣ್ಣ ಚೌಕಗಳು. ಆ ನಿಮಿಷ ಯಾರನ್ನೂ ಎಬ್ಬಿಸಲಿಲ್ಲ.

ಸ್ಕ್ಯಾನ್ ಮಾಡಿದ ಕಥೆ ಬೇರೆಯೇ ಬರೆಯಬೇಕು. ಹಳೆ ಪ್ರೊಜೆಕ್ಟರಿನ ಗೇಟು, ಫೋನಿಗೆ ಮ್ಯಾಕ್ರೊ ಲೆನ್ಸ್, 3600 ಫೋಟೊ. ನೆಗೆಟಿವ್ ಅನ್ನು ಕಂಪ್ಯೂಟರ್ ತಿರುಗಿಸಿ ಪಾಸಿಟಿವ್ ಮಾಡಿತು. ಎರಡು ರೋಲಿಗೆ ಎರಡು ವಾರ ಹೋಯಿತು, ಅಷ್ಟೇ.

ಎರಡನೇ ರೋಲ್

ತೋರಿಸಿದ್ದು ಗೆಳೆಯನ ಮನೆಯ ಜಗಲಿಯಲ್ಲಿ, ಬಿಳಿ ಪಂಚೆಯ ಮೇಲೆ. ನೋಡುಗರು ಆರು ಜನ, ಒಂದು ಬೆಕ್ಕು. ಅದಕ್ಕೆ ಮುಂಚೆ ಹಳೆಯ ಎರಡನ್ನು ತೋರಿಸಿದೆ. ಒಂದು, ಬರ್ಟ್ ಎಕರ್ಸ್ 1895ರಲ್ಲಿ ತೆಗೆದ ಡೋವರಿನ ಅಲೆಗಳು. ಕಲ್ಲಿನ ಕಟ್ಟೆಗೆ ಕಡಲು ಬಡಿಯುತ್ತದೆ, ಬೇರೇನೂ ಇಲ್ಲ. 1896ರ ಏಪ್ರಿಲಿನಲ್ಲಿ ನ್ಯೂಯಾರ್ಕಿನಲ್ಲಿ ಎಡಿಸನ್ ಕಂಪನಿಯ ಮೊದಲ ದೊಡ್ಡ ಪ್ರದರ್ಶನದಲ್ಲಿ ಇದೂ ಇತ್ತು. ಅದೇ ವರ್ಷ ಜುಲೈ 7ರಂದು ಬೊಂಬಾಯಿಯ ವಾಟ್ಸನ್ ಹೋಟೆಲಿನಲ್ಲಿ ಲೂಮಿಯೇರ್‌ನವರು ತೋರಿಸಿದ ಆರು ತುಣುಕುಗಳಲ್ಲೂ ಒಂದು ಕಡಲಸ್ನಾನ ಇತ್ತು. ನಮ್ಮ ದೇಶಕ್ಕೆ ಸಿನಿಮಾ ಬಂದ ದಿನವೇ ಕಡಲೂ ಬಂದಿದೆ. "ಇದು ನಮ್ಮಲ್ಲಿ ಜೂನ್ ತಿಂಗಳಲ್ಲಿ ಮನೆ ಬಾಗಿಲಿಗೇ ಬರುತ್ತದೆ," ಎಂದರು ಗೆಳೆಯನ ತಾಯಿ. ಕಲ್ಲು ಹಾಕಿ ಕಡಲು ತಡೆಯುವ ಊರಿನಲ್ಲಿ ಅದು ತಮಾಷೆಯ ಮಾತಲ್ಲ.

ಇನ್ನೊಂದು ಯೋರಿಸ್ ಈವೆನ್ಸ್ 1929ರಲ್ಲಿ ಮುಗಿಸಿದ ಆಮ್ಸ್‌ಟರ್‌ಡ್ಯಾಮಿನ ಮಳೆ. ಒಂದೇ ಮಳೆಯಂತೆ ಕಾಣುವ ಹತ್ತು ಹನ್ನೆರಡು ನಿಮಿಷಕ್ಕೆ ಅವನು ತಿಂಗಳುಗಟ್ಟಲೆ ಮಳೆ ಕಾದಿದ್ದಾನೆ. ಎದ್ದ ಕೂಡಲೇ ಮಳೆ ಇದ್ದರೆ ತೆಗೆಯಲೆಂದು ಕ್ಯಾಮೆರಾವನ್ನು ಹಾಸಿಗೆ ಪಕ್ಕ ಇಟ್ಟುಕೊಂಡು ಮಲಗುತ್ತಿದ್ದ. "ನಮ್ಮಲ್ಲಿಗೆ ಬರಲಿಲ್ಲವಲ್ಲ ಪಾಪ," ಎಂದ ಗೆಳೆಯ. ನನಗನ್ನಿಸುವುದು, ಬಂದಿದ್ದರೆ ಸಿನಿಮಾ ಆಗುತ್ತಿರಲಿಲ್ಲ. ಅವನ ಮಳೆ ಶುರುವಾಗುತ್ತದೆ, ನಿಲ್ಲುತ್ತದೆ. ನಮ್ಮದು ನಿಲ್ಲಬೇಕಲ್ಲ.

ಆಮೇಲೆ ನನ್ನದು. ಮೊದಲ ಒಂದು ನಿಮಿಷ ಕಡಲು. ದೋಣಿಗಳು ಚುಕ್ಕಿಗಳಂತೆ ಓಡುತ್ತವೆ. ಚಿತ್ರ ಮೆಲ್ಲಗೆ ಎಡಕ್ಕೆ ಬಲಕ್ಕೆ ತೂಗುತ್ತದೆ, ತೊಟ್ಟಿಲಿನ ಹಾಗೆ. ಬಲಗಡೆಯ ಮೂಲೆಯಲ್ಲಿ ಮರಳಿನ ಮೇಲೆ ಉದ್ದನೆಯ ನೆರಳೊಂದು ಆಗಾಗ ಇಣುಕುತ್ತದೆ. ಮೂರು ಕಾಲು, ಒಂದು ತೋಳು, ಎರಡು ಬಾಲ. ನೋಡಿ ಬೆಚ್ಚಿದೆ. ವೇಲ್ಸ್‌ನ ಕ್ಯಾಮೆರಾ ನಿಯಮ ಹಾಕಿಕೊಂಡು ನೋಡಿದ ನೆರಳನ್ನು ನಮ್ಮ ನೆಲಗಾಳಿ ಕೇಳದೆಯೇ ತೋರಿಸಿತ್ತು. ಸೂರ್ಯ ಹಿಂದೆ, ಗಾಳಿಯೂ ಹಿಂದಿನಿಂದಲೇ, ಬರದೆ ಎಲ್ಲಿ ಹೋಗುತ್ತದೆ?

ಅಂಚಿನಲ್ಲಿ ಗುಳ್ಳೆಯ ಕಲೆಗಳಿವೆ, ಉರುಳೆಯನ್ನು ಒಂದೇ ವೇಗದಲ್ಲಿ ತಿರುಗಿಸದ ತಪ್ಪು. ಮಧ್ಯಾಹ್ನದ ಭಾಗ ಚೆಂದ ಇದೆ ಎಂದು ಎಲ್ಲರೂ ಹೇಳಿದರು. ತೆಂಗಿನ ಗರಿಗಳು ಹುಚ್ಚು ಹಿಡಿದಂತೆ ಕುಣಿಯುತ್ತವೆ, ಹೊಳೆಯ ನೀರು ಬೆಳ್ಳಿ ಚೂರು ಚೂರು. ನನಗೆ ಅದು ಸ್ವಲ್ಪ ಜಾಸ್ತಿಯೇ ಚೆಂದ, ಕ್ಯಾಲೆಂಡರಿನ ಹಾಗೆ. ನಾನು ಕಾಯುತ್ತಿದ್ದದ್ದು ನಡುವಿನ ಆ ಕೆಲವೇ ಸೆಕೆಂಡಿಗೆ. ಗಾಳಿ ನಿಂತಾಗ ಕ್ಯಾಮೆರಾ ಯಾವುದನ್ನೂ ನೋಡದೆ ಸುಮ್ಮನೆ ನಿಂತಿರುತ್ತದೆ, ಆಮೇಲೆ ತೆಂಕಣ ದಿಕ್ಕಿನ ಬರೀ ಮರಳು, ಗಾಳಿಮರಗಳು, ಬಿದ್ದ ಬಲೆಯೊಂದನ್ನು ದಾಟಿ ಪೂರ್ತಿ ಹಿಂದಕ್ಕೆ ತಿರುಗುತ್ತದೆ.

ಆ ಜಾಗ ಬರುವ ಮೊದಲೇ, ಪಂಚೆಯ ಮೇಲೆ ಇನ್ನೂ ಕಡಲು ಇದ್ದಾಗಲೇ, ಪಕ್ಕದ ಮನೆಯ ಹಿರಿಯರು "ಹಾಂ, ಗಾಳಿ ತಿರುಗಿತು," ಎಂದರು.

ಇನ್ನೂ ಇಲ್ಲ, ಈಗ ತಿರುಗುತ್ತದೆ ನೋಡಿ ಎಂದೆ.

"ತಿರುಗಿ ಆಯಿತು ಮಾರಾಯ್ರೆ. ನಿಮ್ಮ ಮಿಷನ್‌ಗೆ ಗೊತ್ತಾಗಲಿಲ್ಲ."

ಎಲ್ಲರೂ ಹೋದ ಮೇಲೆ ಲ್ಯಾಪ್‌ಟಾಪಿನಲ್ಲಿ ಫ್ರೇಮ್ ಫ್ರೇಮ್ ಹಿಂದಕ್ಕೆ ಹೋದೆ. ನೀರಂಚಿನಲ್ಲಿ ಹನ್ನೆರಡೋ ಹದಿಮೂರೋ ಕಡಲಕಾಗೆಗಳು ಕೂತಿವೆ. ಬೆಳಗ್ಗೆಯಿಡೀ ಅವು ನೋಡುವುದು ನಮ್ಮ ಕಡೆಗೇ, ಎದೆಯೆಲ್ಲ ಬಿಳಿ. 1312ನೇ ಫ್ರೇಮಿನಲ್ಲಿ ಎರಡು ಹಕ್ಕಿ ಬೆನ್ನು ತೋರಿಸುತ್ತವೆ. 1316ರ ಹೊತ್ತಿಗೆ ಎಲ್ಲವೂ. ಗಂಟೆ ಲೆಕ್ಕ ಹಾಕಿದರೆ 10:38 ದಾಟಿದೆ. ನನ್ನ ಕ್ಯಾಮೆರಾ ಅಲುಗುವುದು 1360ರಲ್ಲಿ. 48 ಫ್ರೇಮ್, ಎಂಟು ನಿಮಿಷ ತಡ.

ಮರುದಿನ ಡಬ್ಬ ಬಿಚ್ಚಿ, ನಾಲ್ಕು ರೆಕ್ಕೆಯಲ್ಲಿ ಎದುರುಬದುರಿನ ಎರಡನ್ನು ಕತ್ತರಿಸಿದೆ.